ವಾದದಲ್ಲಿ ಗೆದ್ದ, ಊರು ಕಳೆದುಕೊಂಡ: ಮಧ್ಯಯುಗದ ಯಹೂದಿ ಡಿಬೇಟ್‌ಗಳ ರೂಲ್ಸ್ ಬರೆದವರು ಯಾರು?

1263ರ ಜುಲೈ ತಿಂಗಳು. ಬಾರ್ಸಿಲೋನಾದ ಅರಮನೆಯಲ್ಲಿ ಅರಗಾನ್ ರಾಜ್ಯದ ದೊರೆ ಒಂದನೇ ಜೇಮ್ಸ್ ಕೂತಿದ್ದಾನೆ. ಸುತ್ತ ಬಿಷಪ್‌ಗಳು, ಸನ್ಯಾಸಿಗಳು, ಸರದಾರರು, ಪಟ್ಟಣದ ಗಣ್ಯರು. ಇವರೆಲ್ಲರ ಎದುರು ವಯಸ್ಸಾದ ಒಬ್ಬ ಯಹೂದಿ ಪಂಡಿತ ವಾದ ಮಾಡಬೇಕು. ಹೆಸರು ಮೋಶೆ ಬೆನ್ ನಹ್ಮಾನ್. ಯುರೋಪಿನ ಪುಸ್ತಕಗಳಲ್ಲಿ ಇವನೇ ನಹ್ಮನಿಡೀಸ್. ಎದುರಾಳಿ ಪಾಬ್ಲೊ ಕ್ರಿಸ್ತಿಯಾನಿ. ಯಹೂದಿಯಾಗಿ ಹುಟ್ಟಿ, ಆಮೇಲೆ ಕ್ರೈಸ್ತನಾಗಿ, ಡೊಮಿನಿಕನ್ ಸನ್ಯಾಸಿಯಾದವನು. ಮುಖ್ಯ ವಿಷಯ: ಮೆಸ್ಸೀಯ ಆಗಲೇ ಬಂದಾಯ್ತಾ, ಇನ್ನೂ ಬರಬೇಕಾ?

ವಾದ ಮುಗಿದ ಮೇಲೆ ರಾಜ ತನಗೆ 300 ನಾಣ್ಯ ಕೊಟ್ಟು ಗೌರವದಿಂದ ಕಳಿಸಿಕೊಟ್ಟ ಅಂತ ನಹ್ಮನಿಡೀಸ್ ಬರೆದಿಟ್ಟಿದ್ದಾನೆ. ಎರಡೇ ವರ್ಷದಲ್ಲಿ ಅದೇ ಬರಹಕ್ಕಾಗಿ ಅವನ ಮೇಲೆ ದೈವನಿಂದೆಯ ಆರೋಪ ಬಂತು. ನಾಲ್ಕನೇ ವರ್ಷ ಅವನು ಹುಟ್ಟಿದ ನಾಡನ್ನೇ ಬಿಟ್ಟ.

ನಮ್ಮಲ್ಲಿ ಯಹೂದಿ ಅಂದ ತಕ್ಷಣ ಎರಡೇ ಚಿತ್ರ ಬರುತ್ತೆ: ಒಂದು ಹಿಟ್ಲರ್, ಇನ್ನೊಂದು ಗಾಜಾ. ಅದಕ್ಕೂ ಹಿಂದಿನ ಸಾವಿರ ವರ್ಷ ನಮ್ಮ ತಲೆಯಲ್ಲಿ ಖಾಲಿ. ಆ ಖಾಲಿ ಜಾಗದಲ್ಲಿ ಬಾಗ್ದಾದ್, ಕಾರ್ಡೋಬಾ, ಕೈರೋ, ಪ್ಯಾರಿಸ್‌ಗಳ ನಡುವೆ ಭರ್ಜರಿ ವಾದ ನಡೆದಿದೆ. ಯಹೂದಿಗಳು ಮುಸ್ಲಿಮರ ಜೊತೆ, ಕ್ರೈಸ್ತರ ಜೊತೆ, ಎಲ್ಲಕ್ಕಿಂತ ಜೋರಾಗಿ ತಮ್ಮವರ ಜೊತೆಗೇ ಜಗಳ ಆಡಿದ್ದಾರೆ. ದೇವರಿದ್ದಾನಾ, ಜಗತ್ತು ಯಾವಾಗ ಶುರುವಾಯ್ತು, ಬುದ್ಧಿ ದೊಡ್ಡದಾ ಗ್ರಂಥ ದೊಡ್ಡದಾ ಅನ್ನೋ ಪ್ರಶ್ನೆಗಳು ಎಲ್ಲ ಕಡೆಯೂ ಹೆಚ್ಚುಕಮ್ಮಿ ಒಂದೇ. ಆದರೆ ವಾದದ ನಿಯಮ ಬರೆದವರು ಯಾರು, ಸೋತರೆ ಯಾರು ಏನು ಕಳ್ಕೊಳ್ತಾರೆ, ಗೆದ್ದರೆ ಏನಾಗುತ್ತೆ ಅನ್ನೋದು ಊರಿಂದ ಊರಿಗೆ ಬೇರೆ. ನನಗೆ ಈ ಇತಿಹಾಸ ಕುತೂಹಲ ಹುಟ್ಟಿಸಿದ್ದು ಅದರಿಂದಲೇ.

ಬಾಗ್ದಾದಿನ ಕೋಣೆ

10ನೇ ಶತಮಾನದ ಬಾಗ್ದಾದಿಗೆ ಹೋಗೋಣ. ಸ್ಪೇನಿನಿಂದ ಬಂದ ಇಬ್ನ್ ಸಾದಿ ಅನ್ನೋ ಮುಸ್ಲಿಂ ವಿದ್ವಾಂಸ ಅಲ್ಲಿನ ಪಂಡಿತರ ಚರ್ಚಾಕೂಟಕ್ಕೆ ಹೋಗಿ ಬೆಚ್ಚಿಬಿದ್ದ ಪ್ರಸಂಗ ಅರಬ್ಬಿ ಗ್ರಂಥವೊಂದರಲ್ಲಿ ದಾಖಲಾಗಿದೆ. ಇಂಥ ಕೂಟಕ್ಕೆ ಮಜ್ಲಿಸ್ ಅಂತ ಹೆಸರು. ಅಲ್ಲಿ ಮುಸ್ಲಿಮರ ಎಲ್ಲ ಪಂಗಡದವರು, ಯಹೂದಿಗಳು, ಕ್ರೈಸ್ತರು, ಅಗ್ನಿಪೂಜಕರು ಇದ್ದರು. ದೇವರೇ ಇಲ್ಲ ಅನ್ನೋರೂ ಇದ್ದರು. ಯಾವ ಪಂಗಡದ ಮುಖ್ಯಸ್ಥ ಒಳಗೆ ಬಂದರೂ ಎಲ್ಲರೂ ಎದ್ದು ನಿಲ್ಲೋರು. ಆಮೇಲೆ ಒಬ್ಬ ಎದ್ದು ನಿಯಮ ಹೇಳಿದ: ನಿಮ್ಮ ಗ್ರಂಥದಲ್ಲಿ ಹೀಗಿದೆ, ನಿಮ್ಮ ಪ್ರವಾದಿ ಹಾಗೆ ಹೇಳಿದ್ದಾನೆ ಅಂತ ತರಬೇಡಿ, ನಾವು ಅದನ್ನ ನಂಬಲ್ಲ, ಬುದ್ಧಿಗೆ ಒಪ್ಪುವ ವಾದ ಮಾತ್ರ ತನ್ನಿ. ಎಲ್ಲರೂ ಒಪ್ಪಿದರು. ಇಬ್ನ್ ಸಾದಿ ಎರಡು ಸಲ ಹೋಗಿ, ಇನ್ನು ಸಾಕಪ್ಪಾ ಅಂತ ಬಿಟ್ಟುಬಿಟ್ಟ.

ಇದನ್ನ ರಮ್ಯ ಮಾಡೋದು ಬೇಡ. ಯಹೂದಿಗಳು ಮತ್ತು ಕ್ರೈಸ್ತರು ಅಲ್ಲಿ ತಲೆಗಂದಾಯ ಕಟ್ಟುವ ಎರಡನೇ ದರ್ಜೆಯ ಪ್ರಜೆಗಳು. ಕೋಣೆಯ ಹೊರಗೆ ಸಮಾನತೆ ಇರಲಿಲ್ಲ. ಆದರೂ ಕೋಣೆಯ ಒಳಗೆ ಯಾರ ಗ್ರಂಥಕ್ಕೂ ವೀಟೋ ಅಧಿಕಾರ ಇರಲಿಲ್ಲ ಅನ್ನೋದು ಸಣ್ಣ ಮಾತಲ್ಲ.

ಮಧ್ಯಯುಗದ ಯಹೂದಿ ತತ್ವಶಾಸ್ತ್ರ ಗಟ್ಟಿಯಾಗಿದ್ದು ಈ ಗಾಳಿಯಲ್ಲಿ. ಈಜಿಪ್ಟಿನಲ್ಲಿ ಹುಟ್ಟಿ ಬಾಗ್ದಾದಿನಲ್ಲಿ ಯಹೂದಿ ವಿದ್ಯಾಪೀಠದ ಮುಖ್ಯಸ್ಥನಾದ ಸಾದಿಯಾ ಗಾಓನ್, ಸ್ಥಾನದ ಜಗಳದಲ್ಲಿ ಪದವಿ ಕಳೆದುಕೊಂಡಿದ್ದ ಕಾಲದಲ್ಲಿ, 933ರಲ್ಲಿ, ನಂಬಿಕೆಗಳ ಬಗ್ಗೆ ಒಂದು ದೊಡ್ಡ ಪುಸ್ತಕ ಬರೆದ. ಬರೆದಿದ್ದು ಅರಬ್ಬಿಯಲ್ಲಿ. ತಿಳಿವಳಿಕೆಗೆ ನಾಲ್ಕು ಮೂಲ ಅಂತ ಅವನ ಲೆಕ್ಕ: ಇಂದ್ರಿಯ, ಬುದ್ಧಿ, ಊಹೆಯ ತರ್ಕ, ನಂಬಲರ್ಹ ಪರಂಪರೆ. ನಮ್ಮ ಪ್ರತ್ಯಕ್ಷ, ಅನುಮಾನ, ಶಬ್ದ ಪ್ರಮಾಣಗಳ ಹೆಸರು ಕೇಳಿರೋರಿಗೆ ಇದು ಅಪರಿಚಿತ ಅನ್ನಿಸಲ್ಲ.

ಹಾಗಾದ್ರೆ ಬುದ್ಧಿಯಿಂದಲೇ ಸತ್ಯ ಸಿಗೋದಾದರೆ ಪ್ರವಾದಿ ಯಾಕೆ ಬೇಕು? ಸಾದಿಯಾ ಒಂದು ಲೆಕ್ಕ ಕೊಡ್ತಾನೆ. ಒಬ್ಬನ ಹತ್ತಿರ 1000 ನಾಣ್ಯ ಇದೆ. ಐದು ಜನಕ್ಕೆ ತಲಾ 20, ಆರು ಜನಕ್ಕೆ ತಲಾ ಹದಿನಾರೂ ಮೂರನೇ ಎರಡು, ಏಳು ಜನಕ್ಕೆ ತಲಾ ಹದಿನಾಲ್ಕೂ ಏಳನೇ ಎರಡು, ಹೀಗೆ ಒಂಬತ್ತು ಜನರ ಗುಂಪಿನವರೆಗೆ ಹಂಚಿದ. ಉಳಿದದ್ದೆಷ್ಟು? ಗೊತ್ತಿದ್ದವನು ತಕ್ಷಣ 500 ಅಂತಾನೆ, ಯಾಕಂದ್ರೆ ಪ್ರತಿ ಗುಂಪಿಗೂ ಹೋಗಿದ್ದು ಸರಿಯಾಗಿ 100. ನೀವು ನಂಬಿ ಮುಂದೆ ಹೋಗಬಹುದು, ನಿಧಾನವಾಗಿ ಕೂತು ಲೆಕ್ಕ ಹಾಕಿ ಪರೀಕ್ಷಿಸಲೂಬಹುದು. ಪ್ರವಾದಿ ಕೊಟ್ಟಿದ್ದು ಪುಸ್ತಕದ ಕೊನೆಯಲ್ಲಿರೋ ಉತ್ತರ ಇದ್ದ ಹಾಗೆ. ಎಂಜಿನಿಯರಿಂಗ್ ಓದಿದವರಿಗೆ ಈ ಸೌಲಭ್ಯದ ಬೆಲೆ ಗೊತ್ತು; ಕೊನೆಯ ಪುಟ ನೋಡಿ ಸ್ಟೆಪ್ಸ್ ಬರೆದವರು ನಾವೆಲ್ಲ. ಸಾದಿಯಾನ ಮಾತಿನಲ್ಲಿ ಒಂದು ಧೈರ್ಯ ಇದೆ: ಲೆಕ್ಕ ಮಾಡಿ ನೋಡೋದನ್ನ ಅವನು ಬೇಡ ಅನ್ನಲ್ಲ. ಎರಡೂ ಒಂದೇ ಕಡೆ ಬಂದು ಸೇರುತ್ತವೆ ಅಂತ ಅವನಿಗೆ ಭರವಸೆ. ಸೇರದೇ ಹೋದರೆ? ಆ ಪ್ರಶ್ನೆಗೆ ಮುಂದಿನ ಇನ್ನೂರು ವರ್ಷ ಬೇಕಾಯ್ತು.

ರಾಜ ಕೇಳಿದ ಪ್ರಶ್ನೆ

ಸ್ಪೇನಿನ ಯೆಹೂದಾ ಹಲೇವಿ ಕವಿ, ವೈದ್ಯ. ಸುಮಾರು 1140ರಲ್ಲಿ ಅವನು ಮುಗಿಸಿದ ಪುಸ್ತಕಕ್ಕೆ ಕುಜರಿ ಅಂತ ಹೆಸರು. ಅದರ ಅರಬ್ಬಿ ಶೀರ್ಷಿಕೆಯಲ್ಲೇ ಇದು ತುಚ್ಛೀಕರಿಸಲ್ಪಟ್ಟ ಧರ್ಮದ ಪರವಾದ ವಾದ ಅನ್ನೋ ಮಾತಿದೆ. ಕಥೆ ಹೀಗೆ: ಖಜರ್ ಜನಾಂಗದ ರಾಜನಿಗೆ ಕನಸು ಬೀಳುತ್ತೆ. ನಿನ್ನ ಉದ್ದೇಶ ದೇವರಿಗೆ ಮೆಚ್ಚುಗೆ, ನಿನ್ನ ಆಚರಣೆ ಮಾತ್ರ ಅಲ್ಲ ಅಂತ ಕನಸಿನ ದೂತ ಹೇಳ್ತಾನೆ. ಸರಿಯಾದ ದಾರಿ ಹುಡುಕಲು ರಾಜ ಮೊದಲು ಒಬ್ಬ ತತ್ವಜ್ಞಾನಿಯನ್ನ, ಆಮೇಲೆ ಕ್ರೈಸ್ತನನ್ನ, ಮುಸ್ಲಿಮನನ್ನ ಕರೆಸ್ತಾನೆ. ಯಹೂದಿಯನ್ನ ಕರೆಯೋ ಯೋಚನೆಯೇ ಇಲ್ಲ. ಇಷ್ಟು ದೀನಸ್ಥಿತಿಯಲ್ಲಿರೋ ಜನರ ಹತ್ತಿರ ಏನಿರುತ್ತೆ ಅಂತ. ಆದರೆ ಕ್ರೈಸ್ತನೂ ಮುಸ್ಲಿಮನೂ ಇಸ್ರೇಲಿನ ಹಳೇ ಕಥೆಯನ್ನೇ ಆಧಾರ ಕೊಟ್ಟಾಗ, ಕೊನೆಗೆ ಒಬ್ಬ ರಬ್ಬಿಗೆ ಕರೆ ಹೋಗುತ್ತೆ.

ಹಲೇವಿಯ ನಿಜವಾದ ಎದುರಾಳಿ ಮೊದಲು ಬಂದ ಆ ತತ್ವಜ್ಞಾನಿ. ಅರಿಸ್ಟಾಟಲನ ದೇವರು ಯಾರ ಪ್ರಾರ್ಥನೆಯನ್ನೂ ಕೇಳಲ್ಲ, ಯಾರ ಹೆಸರೂ ಅವನಿಗೆ ಗೊತ್ತಿಲ್ಲ. ಲಾಜಿಕ್ ಸರಿಯಿದೆ, ಆದರೆ ಅಂಥ ದೇವರಿಗಾಗಿ ಯಾರೂ ಪ್ರಾಣ ಕೊಡಲ್ಲ ಅನ್ನೋದು ಹಲೇವಿಯ ನಿಲುವು. ಅವನಿಗೆ ಬೇಕಾದದ್ದು ಗುಲಾಮರನ್ನ ಈಜಿಪ್ಟಿನಿಂದ ಬಿಡಿಸಿದ, ಲಕ್ಷಾಂತರ ಜನ ಒಟ್ಟಿಗೆ ಕಂಡ ದೇವರು. ಇದನ್ನ ವಿವರಿಸಲು ರಬ್ಬಿ ಕೊಡೋ ಉದಾಹರಣೆ ನಮ್ಮ ಕಡೆಯದು. ಭಾರತದಲ್ಲಿ ಒಬ್ಬ ನ್ಯಾಯವಂತ ರಾಜ ಇದ್ದಾನಂತೆ ಅಂತ ಬರೀ ಕೇಳಿದರೆ ನೀನು ಅವನಿಗೆ ತಲೆಬಾಗ್ತೀಯಾ? ಇಲ್ಲ. ಆದರೆ ಅವನ ದೂತರು ಭಾರತದಲ್ಲಿ ಮಾತ್ರ ಸಿಗೋ ಉಡುಗೊರೆ ತಂದು, ನಿನ್ನ ರೋಗ ವಾಸಿಮಾಡೋ ಔಷಧಿ ತಂದು ಕೊಟ್ಟರೆ ಆಗ ನಂಬಲೇಬೇಕಲ್ಲ?

ಇದು ಗಾಳಿಯಲ್ಲಿ ಹುಟ್ಟಿದ ಉದಾಹರಣೆ ಅಂದ್ಕೊಬೇಡಿ. ಹಲೇವಿಯ ಆಪ್ತ ಗೆಳೆಯ ಹಲ್ಫೋನ್ ಬೆನ್ ನೆತನೇಲ್ ಭಾರತದ ಜೊತೆ ವ್ಯಾಪಾರ ಮಾಡ್ತಿದ್ದ ವರ್ತಕ. ಹಲೇವಿ ಅವನಿಗೆ ಸ್ವಂತ ಕೈಯಲ್ಲಿ ಬರೆದ ಕಾಗದಗಳು ಕೈರೋದ ಹಳೇ ಸಿನಗಾಗ್‌ನ ಗೆನೀಜಾ ಅನ್ನೋ ಕಾಗದದ ಕೋಣೆಯಲ್ಲಿ ಸಿಕ್ಕಿವೆ; ಒಂದರಲ್ಲಿ ಕುಜರಿಯ ಪ್ರಸ್ತಾಪವೂ ಇದೆ. ಅದೇ ಕೋಣೆಯಲ್ಲಿ ಮಂಗಳೂರಿನ ಕಾಗದಗಳೂ ಇದ್ದವು. 1132ರ ಹೊತ್ತಿಗೆ ಅಬ್ರಹಾಂ ಬೆನ್ ಯಿಜು ಅನ್ನೋ ಯಹೂದಿ ವರ್ತಕ ಮಂಗಳೂರಿನಲ್ಲಿದ್ದ. ಮೆಣಸು, ಏಲಕ್ಕಿ, ಅಡಿಕೆ, ಕಬ್ಬಿಣ ಕಳಿಸ್ತಾ, ಕಂಚಿನ ಪಾತ್ರೆ ಮಾಡಿಸ್ತಾ ವರ್ಷಗಟ್ಟಲೆ ಇಲ್ಲೇ ಬಾಳಿದ. ಅಮಿತಾವ್ ಘೋಷ್ ಪುಸ್ತಕ ಓದಿದವರಿಗೆ ಇವನೂ ಇವನ ಆಳು ಬೊಮ್ಮನೂ ಗೊತ್ತು. ಕುಜರಿ ರೂಪ ಪಡೀತಿದ್ದ ವರ್ಷಗಳಲ್ಲೇ ಹಲೇವಿಯ ಗೆಳೆಯರ ಹಡಗುಗಳು ಈ ಕಡಲಿನಲ್ಲಿ ಓಡಾಡ್ತಿದ್ದವು.

ಕುಜರಿಯಲ್ಲಿ ನನ್ನನ್ನ ಹಿಡಿದು ನಿಲ್ಲಿಸೋ ಜಾಗ ಬೇರೆ ಇದೆ. ನಮ್ಮ ದೀನತೆಯೇ ನಮ್ಮ ಹಿರಿಮೆ, ಅಧಿಕಾರವಂತರಿಗಿಂತ ನಾವು ದೇವರಿಗೆ ಹತ್ತಿರ ಅಂತ ರಬ್ಬಿ ಹೇಳ್ತಾನೆ. ರಾಜ ತಕ್ಷಣ ತಡೀತಾನೆ: ಆ ದೀನತೆ ನೀವು ಆರಿಸಿಕೊಂಡಿದ್ದಾಗಿದ್ದರೆ ಸರಿ. ನಿಮಗೆ ಬೇರೆ ದಾರಿಯೇ ಇಲ್ಲ. ಕೈಗೆ ಅಧಿಕಾರ ಸಿಕ್ಕರೆ ನೀವೂ ಕೊಲ್ತೀರಿ. ರಬ್ಬಿ ಜಾರಿಕೊಳ್ಳಲ್ಲ, ನಮ್ಮ ದುರ್ಬಲ ಜಾಗಕ್ಕೇ ಸರಿಯಾಗಿ ಹೊಡೆದೆ ಅಂತ ಒಪ್ಪಿಕೊಳ್ತಾನೆ. ತನ್ನ ಧರ್ಮದ ಪರವಾಗಿ ಬರೆದ ಪುಸ್ತಕದಲ್ಲಿ, ತಾನೇ ಸೃಷ್ಟಿಸಿದ ಎದುರಾಳಿಯ ಬಾಯಲ್ಲಿ ಇಂಥ ಮಾತು ಹಾಕಿ, ಅದಕ್ಕೆ ಪೂರ್ತಿ ಉತ್ತರ ಕೊಡದೇ ಬಿಡೋದಕ್ಕೆ ಗಟ್ಟಿ ಎದೆ ಬೇಕು.

ಆದರೆ ಅದೇ ಪುಸ್ತಕದಲ್ಲಿ ಕಹಿಯಾದದ್ದೂ ಇದೆ. ದೈವಿಕ ಅಂಶವೊಂದು ಇಸ್ರೇಲಿನ ವಂಶದಲ್ಲಿ ಹುಟ್ಟಿನಿಂದ ಹರಿದು ಬರುತ್ತೆ ಅಂತ ಹಲೇವಿ ನಂಬಿದ್ದ. ಮತಾಂತರವಾಗಿ ಬಂದವನು ದೇವರಿಗೆ ಹತ್ತಿರವಾಗಬಹುದು, ಹುಟ್ಟು ಯಹೂದಿಗೆ ಸಮ ಆಗಲ್ಲ. ತಮಾಷೆ ಅಂದ್ರೆ ಪುಸ್ತಕದ ನಾಯಕ, ಆ ಖಜರ್ ರಾಜನೇ ಮತಾಂತರಗೊಂಡವನು! ಹುಟ್ಟನ್ನೇ ಅರ್ಹತೆ ಮಾಡೋ ಈ ವಾದ ನಮಗೆ ಚೆನ್ನಾಗಿ ಪರಿಚಯ ಇರೋದೇ. ಇವತ್ತಿನ ಇಸ್ರೇಲಿನ ಧಾರ್ಮಿಕ ರಾಷ್ಟ್ರೀಯವಾದಿಗಳಿಗೆ ಕುಜರಿ ಅಚ್ಚುಮೆಚ್ಚಿನ ಪುಸ್ತಕ. 1967ರ ಆಕ್ರಮಣವನ್ನ ಸಾಯೋವರೆಗೂ ವಿರೋಧಿಸಿದ ಜೆರುಸಲೇಮಿನ ಚಿಂತಕ ಯೆಶಯಾಹು ಲೈಬೊವಿಟ್ಜ್, ಸ್ವತಃ ಕಟ್ಟುನಿಟ್ಟಿನ ಆಸ್ತಿಕ, ಹಲೇವಿಯ ಈ ವಂಶಾಭಿಮಾನವನ್ನ ಖಂಡಿಸಿ ಇನ್ನೊಬ್ಬನ ಕಡೆ ನಿಂತ. ಆ ಇನ್ನೊಬ್ಬ ಮೈಮೊನಿಡೀಸ್.

ನಮ್ಮವರ ವಾದವೂ ಸಡಿಲ ಅಂದವನು

ಮೋಶೆ ಬೆನ್ ಮೈಮೋನ್, ಅಂದ್ರೆ ಮೈಮೊನಿಡೀಸ್, ಹುಟ್ಟಿದ್ದು 1138ರ ಸುಮಾರಿಗೆ ಕಾರ್ಡೋಬಾದಲ್ಲಿ. ಅವನಿಗೆ ಹತ್ತು ವರ್ಷ ಆಗೋ ಹೊತ್ತಿಗೆ ಉತ್ತರ ಆಫ್ರಿಕಾದ ಅಲ್ಮೊಹಾದ್ ಸೇನೆ ಊರನ್ನ ಹಿಡೀತು. ಮತಾಂತರ ಆಗಿ, ಇಲ್ಲ ಹೊರಡಿ ಅನ್ನೋ ಕಾಲ. ಕುಟುಂಬ ಊರೂರು ಅಲೆದು, ಮೊರಾಕ್ಕೊ ದಾಟಿ, ಕೊನೆಗೆ ಕೈರೋ ಪಕ್ಕದ ಫುಸ್ತಾತ್‌ನಲ್ಲಿ ನೆಲೆಯಾಯ್ತು. ಮನೆ ನಡೆಸ್ತಿದ್ದದ್ದು ತಮ್ಮ ದಾವೀದನ ವ್ಯಾಪಾರ. ಕೆಂಪು ಸಮುದ್ರದ ಐಧಾಬ್ ಬಂದರಿನಲ್ಲಿ ಸರಿಯಾದ ಸರಕು ಸಿಗದೆ, ಭಾರತಕ್ಕೇ ಹೋಗ್ತೀನಿ ಅಂತ ಅವನು ಅಣ್ಣನಿಗೆ ಬರೆದ ಕಾಗದ ಅದೇ ಗೆನೀಜಾದಲ್ಲಿ ಉಳಿದಿದೆ. ಹಡಗು ಮುಳುಗಿತು. ಮೈಮೊನಿಡೀಸ್ ಸುಮಾರು ಒಂದು ವರ್ಷ ಹಾಸಿಗೆ ಹಿಡಿದ. ಆಮೇಲೆ ಹೊಟ್ಟೆಪಾಡಿಗೆ ವೈದ್ಯ ವೃತ್ತಿ, ಸಲಾದಿನ್‌ನ ಆಸ್ಥಾನದ ನಂಟು. 1190ರ ಹೊತ್ತಿಗೆ ಮುಗಿದ ಅವನ ದೊಡ್ಡ ತತ್ವಗ್ರಂಥದ ಹೆಸರು ದಿಗಿಲುಗೊಂಡವರಿಗೆ ದಾರಿತೋರುಕ ಅನ್ನೋ ಅರ್ಥದ್ದು. ಭಾಷೆ ಅರಬ್ಬಿ, ಲಿಪಿ ಹೀಬ್ರೂ.

ಅವನ ಮೊದಲ ಟಾರ್ಗೆಟ್ ಕಲಾಂ. ಇಸ್ಲಾಮಿನ ದೇವತಾಶಾಸ್ತ್ರದ ಈ ತರ್ಕಪದ್ಧತಿಯನ್ನ ಸಾದಿಯಾ ಥರದ ಯಹೂದಿಗಳೂ ಅಳವಡಿಸಿಕೊಂಡಿದ್ದರು. ಕಲಾಂ ಪಂಡಿತರ ಒಂದು ಗುಂಪಿನ ಪ್ರಕಾರ ಜಗತ್ತು ಅಣುಗಳಿಂದ ಆದದ್ದು; ದೇವರು ಪ್ರತಿ ಕ್ಷಣವೂ ಎಲ್ಲವನ್ನೂ ಹೊಸದಾಗಿ ಸೃಷ್ಟಿಸ್ತಾ ಇರ್ತಾನೆ. ನೀವು ಪೆನ್ನು ಹಿಡಿದು ಬರೀತೀರಿ ಅಂದ್ಕೊಳ್ಳಿ. ಬರೆಯೋ ನಿಮ್ಮ ಇಚ್ಛೆ, ಬರೆಯೋ ಶಕ್ತಿ, ಕೈಯ ಚಲನೆ, ಲೇಖನಿಯ ಚಲನೆ ನಾಲ್ಕನ್ನೂ ದೇವರು ಬೇರೆ ಬೇರೆಯಾಗಿ ಸೃಷ್ಟಿಸಿದ. ಒಂದರಿಂದ ಇನ್ನೊಂದು ಆಗಲಿಲ್ಲ. ದೇವರ ಶಕ್ತಿಯನ್ನ ಎತ್ತರಕ್ಕೆ ಏರಿಸೋ ಭರದಲ್ಲಿ ಕಾರ್ಯಕಾರಣ ಸಂಬಂಧವೇ ಮಾಯ. ಮೈಮೊನಿಡೀಸನಿಗೆ ಇದು ತಡೆಯಲಾಗದ ಅಸಂಬದ್ಧ. ಇವರು ಮೊದಲೇ ತೀರ್ಮಾನ ಮಾಡ್ಕೊಂಡು, ಆ ತೀರ್ಮಾನಕ್ಕೆ ಹೊಂದೋ ಹಾಗೆ ಜಗತ್ತು ಹೇಗಿರಬೇಕು ಅಂತ ಹೇಳ್ತಾರೆ, ಜಗತ್ತು ಹೇಗಿದೆ ಅಂತ ನೋಡಲ್ಲ ಅನ್ನೋದು ಅವನ ದೂರು. ಈ ಚಾಳಿ ಗ್ರೀಕ್ ಮತ್ತು ಸಿರಿಯಾದ ಕ್ರೈಸ್ತರಿಂದ ಮುಸ್ಲಿಮರಿಗೆ, ಅವರಿಂದ ಯಹೂದಿಗಳಿಗೆ ಬಂತು ಅಂತ ವಂಶಾವಳಿಯನ್ನೂ ಬಿಡಿಸಿಡ್ತಾನೆ. ತನ್ನ ಪಾಳಯದವರಿಗೂ ರಿಯಾಯಿತಿ ಇಲ್ಲ.

ಹಾಗಂತ ಅವನು ಅರಿಸ್ಟಾಟಲನ ಭಕ್ತನೂ ಅಲ್ಲ. ಜಗತ್ತಿಗೆ ಆರಂಭವೇ ಇಲ್ಲ, ಅದು ಸದಾ ಇದೆ ಅನ್ನೋದು ಅರಿಸ್ಟಾಟಲ್ ವಾದ. ಮೈಮೊನಿಡೀಸ್ ಒಂದು ಕಥೆ ಹೇಳ್ತಾನೆ. ತಾಯಿ ತೀರಿಕೊಂಡ ಮಗುವೊಂದು ದ್ವೀಪದಲ್ಲಿ ಗಂಡಸರ ನಡುವೆ ಬೆಳೀತು. ಹೆಣ್ಣನ್ನೇ ನೋಡಿಲ್ಲ. ಮನುಷ್ಯರು ಹೇಗೆ ಹುಟ್ತಾರೆ ಅಂತ ಕೇಳಿದಾಗ ಒಬ್ಬ ವಿವರಿಸಿದ: ಇನ್ನೊಬ್ಬರ ಹೊಟ್ಟೆಯೊಳಗೆ ತಿಂಗಳುಗಟ್ಟಲೆ ಇರ್ತೀವಿ. ಹುಡುಗ ಲಾಜಿಕಲ್ ಆಗಿ ಅದನ್ನ ಸುಳ್ಳು ಅಂತ ಸಾಧಿಸ್ತಾನೆ. ಬಾಯಿಂದ ತಿನ್ನದೆ, ಮೂಗಿಂದ ಉಸಿರಾಡದೆ ಮನುಷ್ಯ ಅರ್ಧ ದಿನವೂ ಬದುಕಲ್ಲವಲ್ಲ? ಅವನ ತರ್ಕ ಸರಿಯಾಗೇ ಇದೆ. ತಪ್ಪಾಗಿದ್ದು, ಬೆಳೆದು ನಿಂತ ವಸ್ತುವಿನ ನಿಯಮವನ್ನ ಅದು ಹುಟ್ಟಿದ ಗಳಿಗೆಗೆ ಹಚ್ಚಿದ್ದು. ಈಗಿನ ಜಗತ್ತಿನ ನಿಯಮಗಳಿಂದ ಜಗತ್ತಿನ ಆರಂಭದ ಬಗ್ಗೆ ತೀರ್ಪು ಕೊಡೋ ಅರಿಸ್ಟಾಟಲನೂ ಈ ಹುಡುಗನ ಹಾಗೆ ಅಂತಾನೆ ಮೈಮೊನಿಡೀಸ್. ಡೇಟಾ ಇರೋ ರೇಂಜ್‌ನ ಆಚೆಗೆ ಗ್ರಾಫ್ ಗೆರೆ ಎಳೆದು ಬೈಸಿಕೊಂಡವರಿಗೆ ಈ ಪುಟ ಓದುವಾಗ ಸಣ್ಣ ನಗು ಬರುತ್ತೆ.

ಹಾಗಾದ್ರೆ ಜಗತ್ತು ಸೃಷ್ಟಿಯಾದದ್ದು ಅಂತ ಸಾಬೀತು ಮಾಡಬಹುದಾ? ಅದೂ ಆಗಲ್ಲ ಅಂತಾನೆ. ಅದಕ್ಕೇ ದೇವರ ಅಸ್ತಿತ್ವದ ವಾದವನ್ನ ಸೃಷ್ಟಿಯ ಮೇಲೆ ಕಟ್ಟಬೇಡಿ, ಆ ಅಡಿಪಾಯ ಅಲ್ಲಾಡುತ್ತೆ. ಜಗತ್ತಿಗೆ ಆರಂಭ ಇಲ್ಲ ಅಂತಲೇ ಇಟ್ಕೊಳ್ಳಿ, ಆಗಲೂ ದೇವರಿದ್ದಾನೆ ಅಂತ ತೋರಿಸ್ತೀನಿ ಅಂತ ಹೊರಡ್ತಾನೆ. ಎದುರಾಳಿಗೆ ಅತಿ ಹೆಚ್ಚು ಬಿಟ್ಟುಕೊಟ್ಟು ಶುರುಮಾಡೋ ಈ ರೀತಿ ನನಗೆ ತುಂಬಾ ಇಷ್ಟ. ಸೇತುವೆ ಕಟ್ಟೋರು ಅತಿ ಕೆಟ್ಟ ಮಳೆಗಾಲವನ್ನ ಲೆಕ್ಕಕ್ಕೆ ತಗೊಂಡ ಹಾಗೆ. ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ ಹೇಳ್ತಾನೆ: ನಾನು ಅರಿಸ್ಟಾಟಲನನ್ನ ಒಪ್ಪದೇ ಇರೋದು ಗ್ರಂಥದಲ್ಲಿ ಬೇರೆ ಬರೆದಿದೆ ಅಂತ ಅಲ್ಲ. ಅವನು ಸಾಬೀತು ಮಾಡಿದ್ದಿದ್ದರೆ ಗ್ರಂಥದ ಆ ಮಾತುಗಳಿಗೆ ಬೇರೆ ಅರ್ಥ ಹೇಳೋದು ನನಗೆ ಕಷ್ಟ ಆಗ್ತಿರಲಿಲ್ಲ. ಅವನು ಸಾಬೀತು ಮಾಡಿಲ್ಲ, ಅಷ್ಟೇ. ಸಾದಿಯಾ ಬಿಟ್ಟುಹೋದ ಪ್ರಶ್ನೆಗೆ ಉತ್ತರ ಇದು. ಬುದ್ಧಿಯೂ ಗ್ರಂಥವೂ ಸೇರದೇ ಹೋದರೆ, ಗಟ್ಟಿ ಸಾಕ್ಷಿ ಇದ್ದ ಕಡೆ ಗ್ರಂಥದ ಓದು ಬದಲಾಗಬೇಕು.

ಓಬದ್ಯ ಅನ್ನೋ ಮತಾಂತರಿ, ನಮ್ಮ ಪಿತೃಗಳ ದೇವರೇ ಅಂತ ಪ್ರಾರ್ಥಿಸೋ ಹಕ್ಕು ನನಗಿದೆಯಾ, ನನ್ನ ಅಪ್ಪ ಅಜ್ಜ ಯಹೂದಿಗಳಲ್ಲವಲ್ಲ ಅಂತ ಅವನಿಗೆ ಬರೆದು ಕೇಳಿದ. ಧಾರಾಳವಾಗಿ ಹೇಳು, ನಿನಗೂ ನಮಗೂ ಯಾವ ವ್ಯತ್ಯಾಸವೂ ಇಲ್ಲ ಅಂತ ಮೈಮೊನಿಡೀಸ್ ಉತ್ತರಿಸಿದ. ಮುಸ್ಲಿಮರು ವಿಗ್ರಹಾರಾಧಕರಲ್ಲ ಅಂತ ಓಬದ್ಯ ಹೇಳಿದ್ದಕ್ಕೆ ಅವನ ಗುರು ಮೂರ್ಖ ಅಂತ ಬೈದಿದ್ದನಂತೆ. ಮೈಮೊನಿಡೀಸ್ ಆ ಗುರುವಿಗೇ ಛೀಮಾರಿ ಹಾಕ್ತಾನೆ: ಮುಸ್ಲಿಮರ ಏಕದೇವನಿಷ್ಠೆಯಲ್ಲಿ ಯಾವ ಕೊರೆಯೂ ಇಲ್ಲ. ನೆನಪಿಡಿ, ಇದನ್ನ ಬರೆದವನು ಮುಸ್ಲಿಂ ಆಳ್ವಿಕೆಯ ದಬ್ಬಾಳಿಕೆಯಿಂದಲೇ ಮನೆ ಕಳೆದುಕೊಂಡವನು. 1199ರಲ್ಲಿ ತನ್ನ ಪುಸ್ತಕವನ್ನ ಹೀಬ್ರೂಗೆ ಅನುವಾದಿಸ್ತಿದ್ದ ಸಾಮುವೇಲ್ ಇಬ್ನ್ ತಿಬ್ಬೋನ್‌ಗೆ ಅವನು ಬರೆದ ಕಾಗದದಲ್ಲಿ ಓದಲೇಬೇಕಾದವರ ಪಟ್ಟಿ ಇದೆ: ಅರಿಸ್ಟಾಟಲ್, ಅವನನ್ನ ಅರ್ಥಮಾಡಿಕೊಳ್ಳಲು ಇಬ್ನ್ ರುಷ್ದ್, ತರ್ಕಕ್ಕೆ ಅಲ್ ಫಾರಾಬಿ. ಹಳೇ ಯಹೂದಿ ಲೇಖಕ ಐಸಾಕ್ ಇಸ್ರೇಲಿಯ ಪುಸ್ತಕ ಮಾತ್ರ ಪ್ರಯೋಜನ ಇಲ್ಲ ಅಂತ ತಳ್ಳಿಹಾಕ್ತಾನೆ.

ಮನೆ ಜಗಳ, ಆಮೇಲೆ ಬೆಂಕಿ

ಅನುವಾದ ಮುಗಿದದ್ದು 1204ರಲ್ಲಿ, ಮೈಮೊನಿಡೀಸ್ ತೀರಿಕೊಂಡ ವರ್ಷವೇ. ಪುಸ್ತಕ ಈಗ ಅರಬ್ಬಿ ಬಾರದ ದಕ್ಷಿಣ ಫ್ರಾನ್ಸಿನ ಯಹೂದಿಗಳ ಕೈಗೆ ಬಂತು. ಅಲ್ಲಿ ಭೂಕಂಪವೇ ಆಯ್ತು. ಪವಾಡಗಳನ್ನ, ದೇವರಿಗೆ ಕೈಕಾಲಿವೆ ಅನ್ನೋ ಮಾತುಗಳನ್ನ ರೂಪಕ ಅಂತ ಓದಿದರೆ ನಾಳೆ ಸಬ್ಬತ್ತೂ ರೂಪಕ, ಊಟದ ಕಟ್ಟಳೆಯೂ ರೂಪಕ ಆಗುತ್ತಲ್ಲ ಅನ್ನೋ ಭಯ. 1232ರಲ್ಲಿ ಮೊಂಪೆಲಿಯೆಯ ಸೊಲೊಮನ್ ಮತ್ತು ಅವನ ಶಿಷ್ಯರು ಈ ಪುಸ್ತಕ ಓದೋರಿಗೆ ಬಹಿಷ್ಕಾರ ಹಾಕಿದರು. ಎದುರು ಪಕ್ಷದವರು ಬಹಿಷ್ಕಾರ ಹಾಕಿದವರಿಗೇ ಬಹಿಷ್ಕಾರ ಹಾಕಿದರು. ಎರಡೂ ಕಡೆ ರಾಜಿ ಮಾಡಿಸಲು ಕಾಗದ ಬರೆದು ಓಡಾಡಿದವರಲ್ಲಿ ಒಬ್ಬ ನಮ್ಮ ನಹ್ಮನಿಡೀಸ್.

ವಿರೋಧಿ ಬಣದ ಕೆಲವರು ಡೊಮಿನಿಕನ್ ಸನ್ಯಾಸಿಗಳ ಹತ್ತಿರ ಹೋಗಿ ದೂರು ಕೊಟ್ಟರು, ಅವರು ಮೈಮೊನಿಡೀಸನ ಪುಸ್ತಕಗಳನ್ನ ಸುಟ್ಟರು ಅಂತ ಆ ಕಾಲದ ಕಾಗದಗಳು ಹೇಳ್ತವೆ. ನಿಜಕ್ಕೂ ಅಲ್ಲಿ ನಡೆದದ್ದೇನು ಅನ್ನೋದರ ಬಗ್ಗೆ ಇತಿಹಾಸಕಾರರಲ್ಲಿ ಒಮ್ಮತ ಇಲ್ಲ. ಪ್ಯಾರಿಸ್‌ನಲ್ಲಿ ನಡೆದದ್ದರ ಬಗ್ಗೆ ಮಾತ್ರ ಅನುಮಾನ ಇಲ್ಲ. ನಿಕೊಲಸ್ ದೊನಿನ್ ಅನ್ನೋ ಮತಾಂತರಿ ತಾಲ್ಮುದ್ ಮೇಲೆ 35 ಆರೋಪಗಳ ಪಟ್ಟಿ ಮಾಡಿ ಪೋಪ್‌ಗೆ ಒಪ್ಪಿಸಿದ. 1240ರಲ್ಲಿ ವಿಚಾರಣೆ ನಡೀತು. ಆರೋಪಿ ಒಂದು ಪುಸ್ತಕ, ವಕೀಲ ಪ್ಯಾರಿಸಿನ ರಬ್ಬಿ ಯೆಹಿಯೇಲ್. 1242ರಲ್ಲಿ ಗಾಡಿಗಟ್ಟಲೆ ತಾಲ್ಮುದ್ ಹಸ್ತಪ್ರತಿಗಳು ಬೂದಿಯಾದವು. ಎಲ್ಲವೂ ಕೈಬರಹ ಅನ್ನೋದನ್ನ ಮರೀಬೇಡಿ. ಒಂದು ಪ್ರತಿಗೆ ವರ್ಷಗಳ ಕೆಲಸ.

ಒಳಜಗಳ ಅಲ್ಲಿಗೂ ನಿಲ್ಲಲಿಲ್ಲ. 1305ರಲ್ಲಿ ಬಾರ್ಸಿಲೋನಾದ ಯಹೂದಿ ಮುಖಂಡರು, 25 ವಯಸ್ಸಿನ ಒಳಗಿನವರು ಗ್ರೀಕ್ ತತ್ವಶಾಸ್ತ್ರ ಓದಬಾರದು, ವೈದ್ಯಶಾಸ್ತ್ರ ಮಾತ್ರ ಪರವಾಗಿಲ್ಲ ಅಂತ 50 ವರ್ಷದ ನಿಷೇಧ ಹೊರಡಿಸಿದರು. ದಕ್ಷಿಣ ಫ್ರಾನ್ಸಿನವರು ಪ್ರತಿಭಟಿಸ್ತಾ ಇದ್ದ ಹಾಗೇ, 1306ರಲ್ಲಿ ಫ್ರಾನ್ಸಿನ ರಾಜ ನಾಲ್ಕನೇ ಫಿಲಿಪ್ ತನ್ನ ರಾಜ್ಯದ ಯಹೂದಿಗಳನ್ನೆಲ್ಲ ಹೊರಹಾಕಿದ. ತತ್ವಶಾಸ್ತ್ರದ ಪರ ಇದ್ದವರು, ವಿರೋಧ ಇದ್ದವರು, ಎಲ್ಲರನ್ನೂ.

ಒಂದೇ ಗೋಲ್ ಪೋಸ್ಟ್

ಈಗ ಮತ್ತೆ 1263ರ ಬಾರ್ಸಿಲೋನಾಗೆ ಬರೋಣ. ಬಾಗ್ದಾದಿನ ನಿಯಮ ನೆನಪಿದೆಯಲ್ಲ: ಯಾರೂ ತಮ್ಮ ಗ್ರಂಥ ತರಬಾರದು. ಬಾರ್ಸಿಲೋನಾದಲ್ಲಿ ಅದು ಪೂರ್ತಿ ತಲೆಕೆಳಗು. ಕ್ರೈಸ್ತರು ತಂದಿದ್ದು ಯಹೂದಿಗಳದ್ದೇ ಗ್ರಂಥ! ತಾಲ್ಮುದ್, ಮಿದ್ರಾಶ್‌ಗಳ ಒಳಗಿಂದಲೇ ಮೆಸ್ಸೀಯ ಬಂದಾಗಿದೆ ಅಂತ ತೋರಿಸ್ತೀನಿ ಅನ್ನೋದು ಪಾಬ್ಲೊನ ಹೊಸ ತಂತ್ರ. ಪ್ಯಾರಿಸಿನಲ್ಲಿ ತಾಲ್ಮುದ್ ಸುಡಬೇಕಾದ ಪುಸ್ತಕ; ಇಲ್ಲಿ ಅದೇ ತಾಲ್ಮುದ್ ಸಾಕ್ಷಿ. ಇದರ ಜೊತೆಗೆ ಲ್ಯಾಟಿನ್ ದಾಖಲೆಯಲ್ಲಿ ಒಂದು ಶರತ್ತು ಇದೆ: ಕ್ರೈಸ್ತ ಧರ್ಮದ ಸತ್ಯ ಖಚಿತವಾದದ್ದು, ಅದನ್ನ ಚರ್ಚೆಗೆ ಇಡೋ ಹಾಗಿಲ್ಲ. ಅಂದ್ರೆ ಮೈದಾನದಲ್ಲಿ ಗೋಲ್ ಪೋಸ್ಟ್ ಒಂದೇ. ನಹ್ಮನಿಡೀಸ್ ತಡೀಬಹುದು, ಹೊಡೆಯೋ ಹಾಗಿಲ್ಲ.

ಅವನು ಮೊದಲು ಕೇಳಿದ್ದು ವಾಕ್ ಸ್ವಾತಂತ್ರ್ಯ. ರಾಜ ಕೊಟ್ಟ, ಡೊಮಿನಿಕನ್ ಹಿರಿಯ ರಾಮೋನ್ ದೆ ಪೆನ್ಯಾಫೋರ್ಟ್ ಕೂಡ ನಿಂದನೆ ಮಾಡದಿದ್ದರೆ ಸರಿ ಅಂತ ಒಪ್ಪಿದ. ಆಮೇಲೆ ನಹ್ಮನಿಡೀಸ್ ಒಂದು ಸಾದಾ ಪ್ರಶ್ನೆ ಎಸೆದ. ತಾಲ್ಮುದ್ ಬರೆದ ಋಷಿಗಳು ಯೇಸುವೇ ಮೆಸ್ಸೀಯ ಅಂತ ನಂಬಿದ್ದರೆ, ಅವರು ಯಾಕೆ ಕೊನೆವರೆಗೂ ಯಹೂದಿಗಳಾಗೇ ಉಳಿದರು? ಪಾಬ್ಲೊನ ಹಾಗೆ ಮತಾಂತರ ಆಗಬೇಕಿತ್ತಲ್ಲ? ಪಾಬ್ಲೊ ಮಿದ್ರಾಶ್‌ನ ಕಥೆಗಳನ್ನ ಮುಂದಿಟ್ಟಾಗ, ಇವು ಉಪದೇಶದ ಕಥೆಗಳು, ನಂಬೋರು ನಂಬಬಹುದು, ನಂಬದಿದ್ದರೆ ನಷ್ಟ ಇಲ್ಲ ಅಂದುಬಿಟ್ಟ. ಅನುಭಾವಿಯಾಗಿದ್ದ ನಹ್ಮನಿಡೀಸ್ ಮನಸಾರೆ ಹೀಗೆ ಅಂದನಾ ಅಥವಾ ಸಂಕಟಕ್ಕೆ ಸಿಕ್ಕಿ ಅಂದನಾ ಅಂತ ಪಂಡಿತರು ಇವತ್ತಿಗೂ ಕಿತ್ತಾಡ್ತಾರೆ. ನನಗನ್ನಿಸೋದು, ಅಂಥ ಕೋಣೆಯಲ್ಲಿ ಈ ಎರಡನ್ನೂ ಬೇರ್ಪಡಿಸೋಕೆ ಆಗಲ್ಲ. ಅಧಿಕಾರದ ಎದುರು ನಿಂತು ಹೇಳಿದ ಮಾತನ್ನ ಅವನ ತತ್ವ ಅಂತ ಪೂರ್ತಿ ನಂಬೋದೂ ಕಷ್ಟ, ತಂತ್ರ ಅಂತ ತಳ್ಳಿಹಾಕೋದೂ ಅನ್ಯಾಯ.

ಅತಿ ಧೈರ್ಯದ ಮಾತು ರಾಜನನ್ನೇ ಕುರಿತದ್ದು. ಮೆಸ್ಸೀಯ ಬಂದರೆ ಯುದ್ಧ ನಿಲ್ಲುತ್ತೆ ಅಂತ ಪ್ರವಾದಿಗಳು ಹೇಳಿದ್ದಾರೆ. ಯೇಸುವಿನ ಕಾಲದಿಂದ ಇವತ್ತಿನವರೆಗೆ ಲೋಕದ ತುಂಬ ಹಿಂಸೆ, ಅದರಲ್ಲೂ ಹೆಚ್ಚು ರಕ್ತ ಹರಿಸೋರು ಕ್ರೈಸ್ತರೇ. ಯುದ್ಧವನ್ನೇ ಬಿಟ್ಟುಬಿಡಬೇಕು ಅಂದರೆ ಮಹಾರಾಜರೇ, ನಿಮಗೂ ನಿಮ್ಮ ಸರದಾರರಿಗೂ ಎಷ್ಟು ಕಷ್ಟ ಅಲ್ವಾ ಅನ್ನೋ ಅರ್ಥದ ಮಾತು. ಜೀವನವಿಡೀ ಮೂರರ ಜೊತೆ ಸೆಣಸಿ ರಾಜ್ಯ ವಿಸ್ತರಿಸಿದ ದೊರೆಯ ಮುಖಕ್ಕೆ! ಮಧ್ಯದಲ್ಲಿ ಊರಿನ ಯಹೂದಿಗಳೇ ಬಂದು ಸಾಕು ನಿಲ್ಲಿಸು ಅಂತ ಬೇಡಿಕೊಂಡರು. ಅವರಿಗೆ ಗೊತ್ತಿತ್ತು, ಅವನು ಚೆನ್ನಾಗಿ ವಾದಿಸಿದಷ್ಟೂ ಬೀದಿಯಲ್ಲಿ ಬಿಲ್ಲು ಕಟ್ಟಬೇಕಾದವರು ತಾವು.

ಬಿಲ್ಲು ಬಂದೇ ಬಂತು. ಅದೇ ಆಗಸ್ಟ್‌ನಲ್ಲಿ ರಾಜಾಜ್ಞೆಗಳು ಹೊರಟವು: ಪಾಬ್ಲೊ ಬಂದಾಗ ಯಹೂದಿಗಳು ಅವನ ಉಪದೇಶ ಕೇಳಬೇಕು, ಕೇಳಿದ ಪುಸ್ತಕ ಒದಗಿಸಬೇಕು, ಅವನ ಖರ್ಚೂ ಕೊಡಬೇಕು, ಆ ಖರ್ಚನ್ನ ಅವರು ಕಟ್ಟೋ ತೆರಿಗೆಯಲ್ಲಿ ಕಳೆಯಲಾಗುತ್ತೆ. ಇನ್ನೂರೂ ಆಗದ ವರ್ಷಗಳಲ್ಲಿ ಈ ವ್ಯವಸ್ಥೆ ಇನ್ನೂ ಬಿಗಿಯಾಯ್ತು. 1413ರಲ್ಲಿ ಶುರುವಾದ ತೋರ್ತೋಸಾದ ವಾದ 69 ಬೈಠಕ್‌ಗಳ ಕಾಲ ಎಳೀತು. ಇದು ಸಮಾನರ ಚರ್ಚೆ ಅಲ್ಲ, ನಿಮಗೆ ತಿಳಿವಳಿಕೆ ಕೊಡೋ ಸಭೆ ಅಂತ ಅಲ್ಲಿ ಶುರುವಿನಲ್ಲೇ ಸ್ಪಷ್ಟಪಡಿಸಿದ್ದರು. ರಬ್ಬಿಗಳು ತಿಂಗಳುಗಟ್ಟಲೆ ಊರು ಬಿಟ್ಟು ಕೂತಿದ್ದಾಗ ಊರುಗಳಲ್ಲಿ ಮತಾಂತರ ನಡೀತಾ ಇತ್ತು.

ಬಾರ್ಸಿಲೋನಾದ ವಾದದ ಬಗ್ಗೆ ಎರಡು ದಾಖಲೆ ಇವೆ. ಲ್ಯಾಟಿನ್ ದಾಖಲೆ ಪ್ರಕಾರ ನಹ್ಮನಿಡೀಸ್ ಉತ್ತರ ಕೊಡಲಾರದೆ ಊರಿನಿಂದ ಜಾರಿಕೊಂಡ. ಅವನದೇ ಹೀಬ್ರೂ ಬರಹದಲ್ಲಿ ಅವನು ಗೆದ್ದ. ಅವನು ಬರೆದಿಟ್ಟದ್ದೇ ಅಪರಾಧ ಆಯ್ತು. 1265ರಲ್ಲಿ ಡೊಮಿನಿಕನ್ನರು ದೂರು ಕೊಟ್ಟಾಗ ಅವನ ಉತ್ತರ ಸರಳ: ಅಂದು ಮಾತಾಡಲು ನೀವೇ ಸ್ವಾತಂತ್ರ್ಯ ಕೊಟ್ಟಿದ್ದಿರಿ, ಬರೆದು ಕೊಡು ಅಂತ ಕೇಳಿದವನು ಜಿರೋನಾದ ಬಿಷಪ್. ಎರಡು ವರ್ಷ ಗಡಿಪಾರು ಮಾಡಿ ಪುಸ್ತಕ ಸುಡೋಣ ಅಂತ ರಾಜ ಮಧ್ಯದ ದಾರಿ ಹಿಡಿದ. ದೂರುದಾರರಿಗೆ ಅದು ಸಾಲಲಿಲ್ಲ. ವಿಷಯ ಪೋಪ್ ನಾಲ್ಕನೇ ಕ್ಲೆಮೆಂಟ್‌ವರೆಗೆ ಹೋಯ್ತು, ಅವನು ಶಿಕ್ಷೆ ಕೊಡು ಅಂತ ರಾಜನಿಗೆ ಬರೆದ.

1267ರಲ್ಲಿ, ಎಪ್ಪತ್ತು ದಾಟಿದ ವಯಸ್ಸಿನಲ್ಲಿ, ನಹ್ಮನಿಡೀಸ್ ಮಕ್ಕಳನ್ನ ಸ್ಪೇನಿನಲ್ಲೇ ಬಿಟ್ಟು ಜೆರುಸಲೇಮ್ ತಲುಪಿದ. ಮಂಗೋಲರ ದಾಳಿಯ ನಂತರದ ಊರು. ಇದ್ದದ್ದು ಹೆಚ್ಚುಕಮ್ಮಿ 2000 ಜನ ಅಂತ ಮಗನಿಗೆ ಬರೆದ ಕಾಗದದಲ್ಲಿ ಹೇಳ್ತಾನೆ. ಯಹೂದಿಗಳು ಇಬ್ಬರೇ. ಅಣ್ಣ ತಮ್ಮಂದಿರು, ಬಟ್ಟೆಗೆ ಬಣ್ಣ ಹಾಕೋರು. ಸಬ್ಬತ್ತಿನ ದಿನ ಅವರ ಮನೆಯಲ್ಲಿ ಪ್ರಾರ್ಥನೆಗೆ ಬೇಕಾದ ಹತ್ತು ಜನ ಹೇಗೋ ಸೇರ್ತಿದ್ದರು. ಅಮೃತಶಿಲೆಯ ಕಂಬಗಳಿದ್ದ ಒಂದು ಪಾಳುಮನೆಯನ್ನ ಹುಡುಕಿ ಸಿನಗಾಗ್ ಮಾಡಿದರು. ದಾಳಿಯ ಕಾಲದಲ್ಲಿ ನಾಬ್ಲುಸ್‌ಗೆ ಸಾಗಿಸಿದ್ದ ತೋರಾ ಸುರುಳಿಗಳನ್ನ ವಾಪಸ್ ತರಲು ಜನ ಕಳಿಸಿದರು.